ಕೋರ್ಟಿನಲ್ಲಿ ಹೆಸರು ಕೂಗಿದಾಗ ನಾವೆಲ್ಲಿದ್ದೆವು?

ಕಳೆದ ತಿಂಗಳು ಒಂದು ಸಂಜೆ, ಮಕ್ಕಳನ್ನು ಮನೆಗೆ ಕಳಿಸಿ ಮದರಸದ ಬಾಗಿಲು ಹಾಕುವ ಹೊತ್ತಿಗೆ, ಜರಗನಹಳ್ಳಿಯ ನಮ್ಮ ನೆರೆಯ ಒಬ್ಬ ತಾಯಿ ಕಾಗದವೊಂದನ್ನು ಹಿಡಿದುಕೊಂಡು ಬಂದರು. "ಉಸ್ತಾದ್, ಇದರಲ್ಲಿ ಏನು ಬರೆದಿದೆ ಒಮ್ಮೆ ನೋಡಿ" ಅಂತ. ಊರಿನ ಕಡೆಯ ಒಂದು ಕೋರ್ಟಿನ ಆದೇಶದ ನಕಲು ಅದು. ನಾಲ್ಕೇ ಸಾಲು. ಕೂಗಿದಾಗ ವಾದಿ ಗೈರುಹಾಜರು, ವಾದಿಯ ಪರ ವಕೀಲರೂ ಇಲ್ಲ, ಪ್ರತಿವಾದಿ ಪರ ವಕೀಲರು ಹಾಜರು, ಆದ್ದರಿಂದ ದಾವೆ ವಜಾ. ಅಷ್ಟೇ. ಉಪ್ಪನ ಮನೆ ಮತ್ತು ತೆಂಗಿನ ತೋಟದಲ್ಲಿ ತನ್ನ ಪಾಲು ಕೊಡಿ ಅಂತ ಅಣ್ಣಂದಿರ ಮೇಲೆ ಆಕೆ ಹಾಕಿದ್ದ ದಾವೆ. ಆರು ವರ್ಷ ನಡೆದು ಒಂದು ಬೆಳಿಗ್ಗೆ ಐದು ನಿಮಿಷದಲ್ಲಿ ಹೋಯ್ತು. ಆಕೆಗೆ ಗೊತ್ತಾದದ್ದು ಐದು ತಿಂಗಳ ನಂತರ, ಅದೂ ಸಂಬಂಧಿಕರ ಮದುವೆಯಲ್ಲಿ ಯಾರೋ ನಗುತ್ತಾ ಹೇಳಿದಾಗ.

ಹೇಗಾಯ್ತು ಅಂತ ಕೇಳಿದರೆ ದೊಡ್ಡ ಕಥೆ ಏನಿಲ್ಲ. ಕೇಸನ್ನು ನೋಡಿಕೊಳ್ಳುತ್ತಿದ್ದವರು ಆಕೆಯ ಗಂಡ. ಅವರು ತೀರಿಕೊಂಡರು. ವಕೀಲರ ಬಳಿ ಇದ್ದದ್ದು ಅವರ ನಂಬರ್ ಮಾತ್ರ. ಆ ಸಿಮ್ ರೀಚಾರ್ಜ್ ಇಲ್ಲದೆ ಬಂದ್ ಆಯ್ತು. ಆ ವಕೀಲರೂ ಒಂದೆರಡು ಸಲ ಫೋನ್ ಮಾಡಿ ಸುಮ್ಮನಾದರು, ನಂತರ ತಾವೂ ಹೋಗಲಿಲ್ಲ. ಇದ್ದತ್ತಿನಲ್ಲಿ ಕೂತ ಹೆಂಗಸಿಗೆ ವಾಯಿದೆ ಯಾವತ್ತು ಅಂತ ಹೇಳುವವರು ಯಾರು?

ಈ ಪುಟದಲ್ಲಿ ನಾವು ಕೋರ್ಟು ಕಚೇರಿ ವಿಷಯ ಬರೆಯುವುದು ಕಡಿಮೆ. ಆದರೆ ಆ ಕಾಗದ ಓದಿದ ಮೇಲೆ ನಾಲ್ಕು ಜನರಲ್ಲಿ ವಿಚಾರಿಸಿದೆವು. ನಮ್ಮ ಸುತ್ತಮುತ್ತಲ ಬ್ಯಾರಿ ಮನೆಗಳಲ್ಲೇ ಇಂಥದ್ದು ಇನ್ನೂ ಇದೆ ಅಂತ ತಿಳಿಯಿತು. ಕಾರಣವೂ ಸ್ಪಷ್ಟ. ನಮ್ಮ ಅಂಗಡಿ, ಬೇಕರಿ, ಬಾಡಿಗೆ ಮನೆ ಎಲ್ಲ ಇಲ್ಲಿ ಕನಕಪುರ ರಸ್ತೆಯ ಆಚೀಚೆ. ನಮ್ಮ ಜಾಗ, ಪಾಲು, ತಕರಾರು ಎಲ್ಲ ಅಲ್ಲಿ ಬಂಟ್ವಾಳ, ಪುತ್ತೂರು, ಬೆಳ್ತಂಗಡಿ, ಮಂಗಳೂರಿನಲ್ಲಿ. ಸ್ಥಿರಾಸ್ತಿಯ ದಾವೆಯನ್ನು ಆಸ್ತಿ ಇರುವ ಊರಿನ ಕೋರ್ಟಿನಲ್ಲೇ ಹಾಕಬೇಕು, ಬೆಂಗಳೂರಿಗೆ ತರಲಿಕ್ಕೆ ಆಗುವುದಿಲ್ಲ. ಪ್ರತಿ ವಾಯಿದೆಗೂ ರಾತ್ರಿ ಬಸ್ಸು, ಎರಡು ದಿನದ ವ್ಯಾಪಾರ ನಷ್ಟ. ಕೊನೆಗೆ "ವಕೀಲರು ನೋಡಿಕೊಳ್ಳುತ್ತಾರೆ ಮಾರಾಯ್ರೇ" ಅಂತ ಬಿಟ್ಟುಬಿಡುವುದು.

ಕಾನೂನು ಏನು ಹೇಳುತ್ತದೆ ಅಂತ ಮೊದಲು ನೋಡೋಣ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶ, ಅಂದರೆ ಆರ್ಡರ್ 9, ಪೂರ್ತಿ ಹಾಜರಿ ಗೈರುಹಾಜರಿಯ ಬಗ್ಗೆಯೇ ಇದೆ. ಹಾಜರಿ ಅಂದರೆ ನಾವೇ ಹೋಗಿ ನಿಲ್ಲಬೇಕು ಅಂತಿಲ್ಲ, ನಮ್ಮ ವಕಾಲತ್ತು ಹಿಡಿದ ವಕೀಲರು ಹೋದರೂ ಹಾಜರಿಯೇ. ಕೂಗಿದಾಗ ಎರಡೂ ಕಡೆಯವರು ಇಲ್ಲದಿದ್ದರೆ 3ನೇ ನಿಯಮದ ಪ್ರಕಾರ ದಾವೆ ವಜಾ ಮಾಡಬಹುದು. ಆಗ ವಾದಿಗೆ ಎರಡು ದಾರಿ. ಅದೇ ದಾವೆಯನ್ನು ಮತ್ತೆ ಜೀವಂತ ಮಾಡಿ ಅಂತ ಅರ್ಜಿ ಕೊಡುವುದು, ಇಲ್ಲವೇ ಕಾಲಮಿತಿ ಮುಗಿದಿರದಿದ್ದರೆ ಹೊಸ ದಾವೆ ಹಾಕುವುದು. ಪ್ರತಿವಾದಿ ಬಂದು ವಾದಿ ಮಾತ್ರ ಇಲ್ಲದಿದ್ದರೆ 8ನೇ ನಿಯಮ. ಇದು ಬಿಗಿ. ಪ್ರತಿವಾದಿ ಏನನ್ನಾದರೂ ಒಪ್ಪಿಕೊಂಡರೆ ಅಷ್ಟರ ಮಟ್ಟಿಗೆ ಡಿಕ್ರಿ, ಉಳಿದದ್ದು ವಜಾ. ಮತ್ತೆ 9ನೇ ನಿಯಮ ಹೇಳುತ್ತದೆ, ಅದೇ ಕಾರಣಕ್ಕೆ ಹೊಸ ದಾವೆ ಹಾಕುವ ಬಾಗಿಲು ಬಂದ್. ಉಳಿದಿರುವುದು ಒಂದೇ, "ಆ ದಿನ ಬರದಿರಲು ನನಗೆ ತಕ್ಕ ಕಾರಣವಿತ್ತು" ಅಂತ ತೋರಿಸಿ ವಜಾ ಆದೇಶವನ್ನು ರದ್ದು ಮಾಡಿಸುವುದು.

ಅದಕ್ಕೆ ಎಷ್ಟು ದಿನ? 1963ರ ಕಾಲಮಿತಿ ಕಾಯ್ದೆಯ 122ನೇ ಅನುಚ್ಛೇದದಲ್ಲಿ 30 ದಿನ. ಲೆಕ್ಕ ಶುರುವಾಗುವುದು ವಜಾ ಆದ ದಿನದಿಂದ, ನಮಗೆ ಗೊತ್ತಾದ ದಿನದಿಂದ ಅಲ್ಲ. ಇಲ್ಲೇ ನಮ್ಮವರು ಬೀಳುವುದು. ಒಂದು ತಿಂಗಳು ಅಂದರೆ ಒಂದು ರಮಝಾನ್. ಅಷ್ಟರೊಳಗೆ ಊರಿನಲ್ಲಿ ಏನಾಯ್ತು ಅಂತ ಬೆಂಗಳೂರಿನಲ್ಲಿ ಕೂತವರಿಗೆ ತಿಳಿಯುವುದೇ ಅಪರೂಪ. ತಡವಾದರೆ ಅದೇ ಕಾಯ್ದೆಯ 5ನೇ ಕಲಮಿನ ಕೆಳಗೆ ವಿಳಂಬ ಮನ್ನಿಸಿ ಅಂತ ಇನ್ನೊಂದು ಅರ್ಜಿ ಸೇರಿಸಬೇಕು. ಆಗ ಎರಡು ಕಾರಣ ಬೇಕಾಗುತ್ತದೆ. ಒಂದು, ಅವತ್ತು ಯಾಕೆ ಬರಲಿಲ್ಲ. ಇನ್ನೊಂದು, ಇಷ್ಟು ದಿನ ಯಾಕೆ ಸುಮ್ಮನಿದ್ದಿರಿ. ಎರಡಕ್ಕೂ ದಾಖಲೆ ಕೇಳುತ್ತಾರೆ. ನಮ್ಮ ನೆರೆಯ ತಾಯಿಗೆ ಗಂಡನ ಮರಣ ಪ್ರಮಾಣಪತ್ರವೇ ದಾಖಲೆಯಾಯ್ತು.

ಪ್ರತಿವಾದಿಗಳಾಗಿರುವವರು ಇದು ನಮಗಲ್ಲ ಅಂತ ಪುಟ ತಿರುಗಿಸಬೇಡಿ. ನೀವು ಹೋಗದಿದ್ದರೆ ಎದುರಿನವರ ಮಾತು ಮಾತ್ರ ಕೇಳಿ ಏಕಪಕ್ಷೀಯವಾಗಿ ಡಿಕ್ರಿ ಆಗುತ್ತದೆ. ಅದನ್ನು ರದ್ದು ಮಾಡಿಸಲು 13ನೇ ನಿಯಮ, ಅದಕ್ಕೂ 30 ದಿನವೇ. ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ ಮಾತ್ರ ಡಿಕ್ರಿಯ ವಿಷಯ ತಿಳಿದ ದಿನದಿಂದ ಲೆಕ್ಕ.

ಸಮನ್ಸ್ ವಿಷಯ ಬಂತಲ್ಲ, ಒಂದು ಮಾತು. 2015ರ ಏಪ್ರಿಲ್‌ನಲ್ಲಿ ಸಾರಕ್ಕಿ ಕೆರೆಯ ಅಂಗಳದಲ್ಲಿದ್ದ ಕಟ್ಟಡಗಳಿಗೆ ಜೆಸಿಬಿ ಬಂದದ್ದನ್ನು ಕಣ್ಣಾರೆ ನೋಡಿದವರು ನಮ್ಮ ಬೀದಿಗಳಲ್ಲಿದ್ದಾರೆ. ಆ ಪ್ರಕರಣ ಬೇರೆ, ಕೆರೆಯದ್ದು, ಹೈಕೋರ್ಟಿನದ್ದು. ಆದರೆ ಆಮೇಲೆ ಇಲ್ಲಿ ಕೋರ್ಟ್ ಕಾಗದ ಅಂದರೆ ಜನರಿಗೆ ಜ್ವರ. ಅಮೀನ ಬಂದರೆ ಬಾಗಿಲು ಹಾಕಿಕೊಳ್ಳುವುದು, ಪೋಸ್ಟ್‌ಮ್ಯಾನ್ ಹತ್ತಿರ "ಅವರಿಲ್ಲ" ಅನ್ನುವುದು. ತೆಗೆದುಕೊಳ್ಳದಿದ್ದರೆ ಕೇಸೇ ಇಲ್ಲ ಅಂತ ನಂಬಿಕೆ. ಅದು ತಪ್ಪು. ನಿರಾಕರಿಸಿದ ಸಮನ್ಸನ್ನು ಜಾರಿಯಾದದ್ದೆಂದೇ ಕೋರ್ಟು ಎಣಿಸಬಹುದು. ನೀವು ಮನೆಯಲ್ಲಿಲ್ಲದೆ, ಬೇಗ ಸಿಗುವ ಹಾಗೂ ಇಲ್ಲದಿದ್ದರೆ ಮನೆಯ ವಯಸ್ಕ ಸದಸ್ಯರಿಗೆ ಕೊಟ್ಟರೂ ಸಾಕು. ಮೊದಲು ಇದು ಗಂಡಸರಿಗೆ ಮಾತ್ರ ಅಂತ ಇತ್ತು. 1976ರ ತಿದ್ದುಪಡಿಯ ನಂತರ ಗಂಡಸಾಗಲಿ ಹೆಂಗಸಾಗಲಿ ಅಂತ ಆಯ್ತು. ಹಾಗಾಗಿ ಮನೆಯ ಹೆಂಗಸರಿಗೆ ಒಂದು ವಿನಂತಿ. ಸಹಿ ಹಾಕಿ ತೆಗೆದುಕೊಂಡ ಕಾಗದವನ್ನು ಫ್ರಿಜ್ ಮೇಲೆ ಕರೆಂಟ್ ಬಿಲ್ಲಿನ ಜೊತೆ ಇಡಬೇಡಿ. ಅದೇ ದಿನ ಹೇಳಿ. ಪ್ರತಿವಾದಿಗೆ ತನ್ನ ಉತ್ತರ ಸಲ್ಲಿಸಲು 30 ದಿನ, ಕಾರಣ ತೋರಿಸಿದರೆ 90 ದಿನದವರೆಗೆ ಅವಕಾಶ.

ತಕ್ಕ ಕಾರಣ ಅಂದರೆ ಏನು? ಕಾನೂನಿನಲ್ಲಿ ಪಟ್ಟಿ ಕೊಟ್ಟಿಲ್ಲ. ಕಾಯಿಲೆ, ಆಸ್ಪತ್ರೆ, ಮನೆಯಲ್ಲಿ ಸಾವು, ದಾರಿ ಬಂದ್, ತಾರೀಕು ತಪ್ಪಾಗಿ ತಿಳಿದದ್ದು ಇಂಥವನ್ನು ಆಯಾ ಸಂದರ್ಭ ನೋಡಿ ಒಪ್ಪುತ್ತಾರೆ. 2018ರ ಆಗಸ್ಟ್ ಮಳೆಯನ್ನು ನೆನಪು ಮಾಡಿಕೊಳ್ಳಿ. ಶಿರಾಡಿ ಘಾಟಿ ಕುಸಿದು ರಸ್ತೆ ಬಂದ್, ಸಕಲೇಶಪುರ ಸುಬ್ರಹ್ಮಣ್ಯ ನಡುವೆ ರೈಲೂ ಬಂದ್. ಅಂಥ ದಿನ ವಾಯಿದೆ ಇದ್ದು ಹೋಗಲಾಗದಿದ್ದರೆ ಅದಕ್ಕಿಂತ ದೊಡ್ಡ ಕಾರಣ ಬೇಕಾ? ಆದರೆ ಟಿಕೆಟ್ ಇಟ್ಟುಕೊಳ್ಳಬೇಕು, ಅವತ್ತಿನ ಪೇಪರ್ ಇಟ್ಟುಕೊಳ್ಳಬೇಕು, ಮುಖ್ಯವಾಗಿ 30 ದಿನದೊಳಗೆ ಅರ್ಜಿ ಹಾಕಬೇಕು. ಜಿ.ಪಿ. ಶ್ರೀವಾಸ್ತವ ಪ್ರಕರಣದಲ್ಲಿ, 2000ರಲ್ಲಿ, ಸುಪ್ರೀಂ ಕೋರ್ಟು ಒಂದು ಒಳ್ಳೆಯ ಮಾತು ಹೇಳಿದೆ. ನೋಡಬೇಕಾದದ್ದು ಆ ದಿನ ಗೈರುಹಾಜರಾದ ಕಾರಣವನ್ನು, ಹಿಂದೆ ಅವನು ಎಷ್ಟು ಸಲ ಉದಾಸೀನ ಮಾಡಿದ್ದ ಅನ್ನುವುದನ್ನು ಅಲ್ಲ.

ಈಗ ಎಲ್ಲರೂ ಕೇಳುವ ಪ್ರಶ್ನೆ. ತಪ್ಪು ವಕೀಲರದ್ದು, ಶಿಕ್ಷೆ ನಮಗೆ ಯಾಕೆ? 1981ರಲ್ಲಿ ರಫೀಕ್ ವಿರುದ್ಧ ಮುನ್ಷಿಲಾಲ್ ಎಂಬ ಪ್ರಕರಣ ಸುಪ್ರೀಂ ಕೋರ್ಟಿಗೆ ಬಂತು. ಅಲಹಾಬಾದ್ ಹೈಕೋರ್ಟಿನಲ್ಲಿ ರಫೀಕ್ ಅವರ ಮೇಲ್ಮನವಿ ಬಂದ ದಿನ ವಕೀಲರೇ ಇರಲಿಲ್ಲ, ಕೇಸು ಹೋಯ್ತು. ನ್ಯಾಯಮೂರ್ತಿ ಡಿ.ಎ. ದೇಸಾಯಿ ತಮ್ಮ ತೀರ್ಪಿನಲ್ಲಿ ಹಳ್ಳಿಯ ಕಕ್ಷಿಗಾರನ ಪರವಾಗಿ ನಿಂತರು. ವಕೀಲರನ್ನು ನೇಮಿಸಿ, ಫೀಸು ಕೊಟ್ಟು, ನಂಬಿ ಊರಿಗೆ ಹೋದವನು ಇನ್ನೇನು ಮಾಡಬೇಕಿತ್ತು ಎಂಬ ಅರ್ಥದಲ್ಲಿ ಬರೆದು ಮೇಲ್ಮನವಿಯನ್ನು ಮತ್ತೆ ಕೇಳಲು ಕಳಿಸಿದರು. ಖರ್ಚನ್ನು ಗೈರುಹಾಜರಾದ ವಕೀಲರಿಂದ ವಸೂಲು ಮಾಡಿ ಅಂತಲೂ ಹೇಳಿದರು. ಇವತ್ತಿಗೂ ಇಂಥ ಅರ್ಜಿಗಳಲ್ಲಿ ಈ ತೀರ್ಪು ಬರುತ್ತದೆ.

ಆದರೆ ಅದೇ ಸುಪ್ರೀಂ ಕೋರ್ಟು 1993ರಲ್ಲಿ ಕಲ್ಕತ್ತಾದ ಸಲಿಲ್ ದತ್ತಾ ಪ್ರಕರಣದಲ್ಲಿ, ವಕೀಲರ ಮೇಲೆ ಹಾಕಿ ಕೈತೊಳೆಯುವುದು ಎಲ್ಲ ಕಾಲಕ್ಕೂ ನಡೆಯುವುದಿಲ್ಲ ಅಂತ ಹೇಳಿತು. ಅಲ್ಲಿ ಎದುರಿದ್ದದ್ದು ನಗರದ ಒಂದು ಕಂಪನಿ, ಓದು ಬರಹ ಬಲ್ಲವರು. 2024ರ ರಜನೀಶ್ ಕುಮಾರ್ ಪ್ರಕರಣದಲ್ಲೂ ಕಕ್ಷಿಗಾರ ಎಚ್ಚರವಾಗಿರಬೇಕು ಅನ್ನುವ ಮಾತೇ ಬಂತು. ನಮಗನಿಸುವುದು, ದಿನಕ್ಕೆ ಹತ್ತು ಸಲ ವಾಟ್ಸಾಪ್ ನೋಡುವ ನಾವು ರಫೀಕ್ ಅವರ ಸಾಲಿನಲ್ಲಿ ನಿಲ್ಲುವುದು ಇನ್ನು ಕಷ್ಟ.

ತಮಿಳುನಾಡಿನ ಎನ್. ಬಾಲಕೃಷ್ಣನ್ ಪ್ರಕರಣದಲ್ಲಿ 1998ರಲ್ಲಿ 883 ದಿನಗಳ ವಿಳಂಬವನ್ನೂ ಮನ್ನಿಸಿದ್ದುಂಟು. ದಿನಗಳ ಲೆಕ್ಕ ಮುಖ್ಯವಲ್ಲ, ವಿವರಣೆ ನಂಬುವಂತಿದೆಯೇ ಅನ್ನುವುದು ಮುಖ್ಯ ಅಂತ ಅಲ್ಲಿ ಹೇಳಲಾಯಿತು. ಅವರಿಗೆ ಸುದ್ದಿ ಮುಟ್ಟಿಸದ ವಕೀಲರಿಂದ ಗ್ರಾಹಕರ ವೇದಿಕೆ 50,000 ರೂಪಾಯಿ ಪರಿಹಾರವನ್ನೂ ಕೊಡಿಸಿತ್ತು. ಈಗ ಆ ದಾರಿ ಮುಚ್ಚಿದೆ. ವಕೀಲರ ಸೇವೆ ಗ್ರಾಹಕ ಸಂರಕ್ಷಣಾ ಕಾಯ್ದೆಯ ಕೆಳಗೆ ಬರುವುದಿಲ್ಲ ಅಂತ 2024ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ದುರ್ನಡತೆ ಇದ್ದರೆ ರಾಜ್ಯ ವಕೀಲರ ಪರಿಷತ್ತಿಗೆ ದೂರು ಕೊಡಬಹುದು. ಹಾಗಂತ ವಕೀಲರನ್ನೆಲ್ಲ ದೂರುವುದು ನ್ಯಾಯವಲ್ಲ. ಎರಡು ವರ್ಷ ಫೋನ್ ಎತ್ತದ, ಫೀಸು ಬಾಕಿ ಇಟ್ಟ ಕಕ್ಷಿಗಾರರ ಕಥೆಯನ್ನು ಅವರೂ ಹೇಳುತ್ತಾರೆ, ನಾವು ಕೇಳಿದ್ದೇವೆ.

ಚೆಕ್ ಬೌನ್ಸ್ ಕೇಸು ಹಾಕಿರುವ ಅಂಗಡಿಯವರು ಇನ್ನೂ ಹುಷಾರಾಗಿರಬೇಕು. ಅದು ಸಿವಿಲ್ ಅಲ್ಲ. ಫಿರ್ಯಾದುದಾರ ಬರದಿದ್ದರೆ ಆರೋಪಿಯನ್ನು ಖುಲಾಸೆ ಮಾಡಬಹುದು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ 256ನೇ ಕಲಮು, 2024ರ ಜುಲೈಯಿಂದ ಬಂದ ಹೊಸ ಸಂಹಿತೆಯಲ್ಲಿ 279. ಖುಲಾಸೆಯಾದ ಮೇಲೆ ಅದೇ ಕೋರ್ಟಿಗೆ ಹೋಗಿ ಕೇಸು ಮತ್ತೆ ತೆರೆಯಿರಿ ಅಂದರೆ ನಡೆಯುವುದಿಲ್ಲ, ಮೇಲಿನ ಕೋರ್ಟೇ ಗತಿ.

ಇಲ್ಲಿ ಒಂದು ಕಿತಾಬಿನ ಮಾತು ಬರುತ್ತದೆ, ಕ್ಷಮಿಸಿ. ದಾವೆ, ವಕೀಲ, ಹಾಜರ್, ಗೈರು, ವಜಾ, ತಕರಾರು ಇವೆಲ್ಲ ಅರಬಿಯಿಂದ ಬಂದು ಕನ್ನಡದವೇ ಆದ ಶಬ್ದಗಳು. ನಮ್ಮ ಮಕ್ಕಳು ಮದರಸದಲ್ಲಿ ದಿನಾ ಹಾಜರಿ ಹೇಳುತ್ತಾರೆ. ದರ್ಸ್‌ಗಳಲ್ಲಿ ಓದುವ ಫತ್‌ಹುಲ್ ಮುಈನ್‌ನಲ್ಲಿ ಗೈರುಹಾಜರಾದವನ ಮೇಲೆ ತೀರ್ಪು ಕೊಡುವ ಚರ್ಚೆಯೇ ಇದೆ. ಶಾಫಿಈಗಳಲ್ಲಿ ಸಾಕ್ಷಿ ಮತ್ತು ಪ್ರಮಾಣದ ಮೇಲೆ ಅದು ಸಾಧ್ಯ, ಆದರೆ ಅವನು ಹಿಂದಿರುಗಿ ಬಂದರೆ ತನ್ನ ವಾದ ಹೇಳುವ ಹಕ್ಕು ಉಳಿದಿರುತ್ತದೆ. ಹನಫಿಗಳು ಸಾಮಾನ್ಯವಾಗಿ ಒಪ್ಪುವುದಿಲ್ಲ. ಇನ್ನು ವಾದಿ ಯಾರು ಅಂದರೆ, ಬಿಟ್ಟು ಹೋದರೆ ಬಲವಂತ ಮಾಡಲಾಗದವನು ಅನ್ನುವ ವ್ಯಾಖ್ಯೆಯೂ ಫಿಕ್‌ಹ್‌ನಲ್ಲಿದೆ. ಅವನು ಬಿಟ್ಟರೆ ಜಗಳ ನಿಲ್ಲುತ್ತದೆ. ಹಕ್ಕು ನಿಲ್ಲುತ್ತದೆ ಅಂತ ಯಾರೂ ಬರೆದಿಲ್ಲ.

ಇದನ್ನು ಹೇಳಲು ಕಾರಣ ಆ ಮದುವೆಯ ನಗು. ತಂಗಿಯ ದಾವೆ ವಜಾ ಆಯ್ತು, ಅಣ್ಣಂದಿರು ಗೆದ್ದರು ಅಂತ ಊರಲ್ಲಿ ಸುದ್ದಿಯಂತೆ. ಏನು ಗೆದ್ದದ್ದು? ಡಿಫಾಲ್ಟ್ ವಜಾ ಅಂದರೆ ಕೋರ್ಟು ಪಾಲಿನ ಬಗ್ಗೆ ಒಂದು ಅಕ್ಷರವನ್ನೂ ನಿರ್ಧರಿಸಿಲ್ಲ. ಪತ್ರ ನೋಡಿಲ್ಲ, ಸಾಕ್ಷಿ ತೂಗಿಲ್ಲ. ಬೇರೆ ದಾವೆಗಳ ಹಾಗಲ್ಲದೆ ಪಾಲಿನ ದಾವೆಯಲ್ಲಿ, ಆಸ್ತಿ ಒಟ್ಟಾಗಿ ಇರುವವರೆಗೆ ಪಾಲು ಕೇಳುವ ಹಕ್ಕು ಮುಂದುವರಿಯುತ್ತದೆ, ಆದ್ದರಿಂದ ಹೊಸ ದಾವೆಗೂ ಅಡ್ಡಿಯಿಲ್ಲ ಅಂತ ಹಲವು ಹೈಕೋರ್ಟ್ ತೀರ್ಪುಗಳಿವೆ. ಅದನ್ನು ನಂಬಿ ಆರಾಮಾಗಿ ಕೂರುವುದು ಬೇಡ. ಅಷ್ಟರಲ್ಲಿ ಜಾಗ ಮಾರಿ ಹೋದರೆ, ಮೂರನೆಯವರ ಹೆಸರಿಗೆ ಖಾತೆ ಆದರೆ ಹೊಸ ತಲೆನೋವು. ಆದರೆ ಅಣ್ಣಂದಿರು ಒಂದನ್ನು ತಿಳಿದಿರಲಿ. 1937ರ ಶರೀಅತ್ ಕಾಯ್ದೆಯ ಪ್ರಕಾರವೂ, ಸೂರಃ ಅನ್ನಿಸಾಅ್‌ನ ಪ್ರಕಾರವೂ ಆಕೆಯ ಪಾಲು ಉಪ್ಪ ತೀರಿದ ದಿನವೇ ಆಕೆಯದ್ದಾಗಿದೆ. ಕೂಗಿದಾಗ ಆಕೆ ಇರಲಿಲ್ಲ ಅನ್ನುವ ಕಾರಣಕ್ಕೆ ಆ ತೆಂಗಿನಕಾಯಿ ನಿಮಗೆ ಹಲಾಲ್ ಆಗುವುದಿಲ್ಲ. ಕಠಿಣವಾಗಿ ಬರೆದೆವು ಅಂತ ಯಾರಾದರೂ ಹೇಳಬಹುದು. ಹೇಳಲಿ ಬಿಡಿ.

ನಮ್ಮ ಜಮಾಅತ್‌ಗಳೂ ಇಲ್ಲಿ ತಪ್ಪಿತಸ್ಥರೇ. ಮದುವೆ ನೋಂದಣಿಗೆ ಪುಸ್ತಕ ಇದೆ, ವಂತಿಗೆಗೆ ಪುಸ್ತಕ ಇದೆ. ಯಾರ ಮನೆಯಲ್ಲಿ ವಿಧವೆಯೊಬ್ಬಳ ಕೇಸು ಯಾವ ಕೋರ್ಟಿನಲ್ಲಿದೆ ಅನ್ನುವುದು ಯಾರಿಗೂ ಗೊತ್ತಿಲ್ಲ. ಮನೆಯ ಗಂಡಸು ತೀರಿಕೊಂಡಾಗ ತಅ್ಝಿಯತ್‌ಗೆ ಹೋಗುವವರು, ಮೂರು ದಿನ ಕಳೆದ ಮೇಲೆ ಒಂದು ಮಾತು ಕೇಳಿದರೆ ಸಾಕಿತ್ತು, "ಅವರ ಹೆಸರಿನಲ್ಲಿ ಕೋರ್ಟು ವ್ಯವಹಾರ ಏನಾದರೂ ಇತ್ತಾ?" ಅಂತ. ಸತ್ತವರೇ ವಾದಿಯಾಗಿದ್ದರೆ ಇನ್ನೂ ತುರ್ತು. ವಾರಸುದಾರರನ್ನು ದಾವೆಗೆ ಸೇರಿಸಲು 90 ದಿನ ಮಾತ್ರ ಇರುವುದು. ಅದು ದಾಟಿದರೆ ದಾವೆ ತಾನಾಗಿಯೇ ಬಿದ್ದುಹೋಗುತ್ತದೆ, ಎತ್ತಲು ಮತ್ತೆ 60 ದಿನದೊಳಗೆ ಅರ್ಜಿ.

ಗಲ್ಫಿನಲ್ಲಿ ಇರುವ ಮಕ್ಕಳ ಮನೆಯವರಿಗೂ ಒಂದು ವಿಷಯ. ಅಲ್ಲಿಂದ ಭಾರತೀಯ ದೂತಾವಾಸದಲ್ಲಿ ದೃಢೀಕರಿಸಿದ ಅಧಿಕಾರ ಪತ್ರ ಕಳಿಸಿದರೆ ಊರಿನವರು ಅವರ ಪರ ಹಾಜರಾಗಬಹುದು. ಪತ್ರ ಇಲ್ಲಿ ತಲುಪಿದ 3 ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಬೇಕು. ಆದರೆ ಅವನಿಗೆ ಮಾತ್ರ ಗೊತ್ತಿರುವ ಸಂಗತಿಯನ್ನು ಅವನ ಬದಲು ಅಧಿಕಾರ ಪತ್ರದವರು ಸಾಕ್ಷಿ ಹೇಳಲಾಗದು. ಅದಕ್ಕೆ ರಜೆ ಹೊಂದಿಸಿ ಅವನೇ ಬರಬೇಕು, ಅಥವಾ ವಿಡಿಯೊ ಮೂಲಕ ಹೇಳಲು ಅನುಮತಿ ಕೇಳಬೇಕು.

ದುಡ್ಡಿಲ್ಲ ಅನ್ನುವವರಿಗೆ, ಅದರಲ್ಲೂ ಹೆಂಗಸರಿಗೆ, 1987ರ ಕಾನೂನು ಸೇವೆಗಳ ಕಾಯ್ದೆಯಲ್ಲಿ ಉಚಿತ ವಕೀಲರ ಹಕ್ಕಿದೆ. ಹೆಂಗಸರಿಗೆ ಆದಾಯದ ಮಿತಿಯೂ ಇಲ್ಲ. ಪ್ರತಿ ಜಿಲ್ಲೆಯಲ್ಲಿ ಪ್ರಾಧಿಕಾರ, ತಾಲೂಕಿನಲ್ಲಿ ಸಮಿತಿ ಇದೆ. 15100 ನಂಬರಿಗೆ ಫೋನ್ ಮಾಡಿದರೂ ಆಗುತ್ತದೆ. ಬೆಂಗಳೂರಿನಲ್ಲಿ ಸಿದ್ದಯ್ಯ ರಸ್ತೆಯ ನ್ಯಾಯ ದೇಗುಲದಲ್ಲಿ ರಾಜ್ಯ ಪ್ರಾಧಿಕಾರದ ಕಚೇರಿ. ಅಣ್ಣ ತಂಗಿ ಒಪ್ಪಿದರೆ ಲೋಕ ಅದಾಲತ್‌ನಲ್ಲಿ ಮುಗಿಸಬಹುದು, ಅಲ್ಲಿಯ ರಾಜಿಗೆ ಕೋರ್ಟಿನ ಡಿಕ್ರಿಯಷ್ಟೇ ಬಲ, ಅದರ ಮೇಲೆ ಅಪೀಲು ಇಲ್ಲ, ಕಟ್ಟಿದ ಕೋರ್ಟ್ ಫೀಸೂ ವಾಪಸ್.

ಎಲ್ಲಕ್ಕಿಂತ ಸುಲಭದ್ದು ಮೊಬೈಲಿನಲ್ಲಿದೆ. ಈಗ ಪ್ರತಿ ಕೇಸಿಗೂ ಸಿ.ಎನ್.ಆರ್. ಅಂತ 16 ಅಕ್ಷರ ಅಂಕಿಗಳ ಒಂದು ನಂಬರ್ ಇರುತ್ತದೆ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಮುಂದಿನ ವಾಯಿದೆ, ಹಿಂದಿನ ದಿನ ಏನಾಯ್ತು, ವಜಾ ಆಗಿದೆಯಾ, ಎಲ್ಲ ಕಾಣುತ್ತದೆ. ಕಾಸು ಖರ್ಚಿಲ್ಲ. ನಮ್ಮ ಪಿಯುಸಿ ಓದುವ ಹುಡುಗರಿಗೆ ಇದು ಎರಡು ನಿಮಿಷದ ಕೆಲಸ. ಕೇಸು ನಂಬರ್ ಮನೆಯಲ್ಲಿ ಒಬ್ಬರಿಗೆ ಮಾತ್ರ ಗೊತ್ತಿರಬಾರದು. ವಕೀಲರಿಗೆ ಒಂದಲ್ಲ, ಎರಡು ಫೋನ್ ನಂಬರ್ ಕೊಡಿ, ಒಂದು ಹೆಂಗಸರದ್ದಾಗಿರಲಿ. ನಂಬರ್ ಬದಲಾದರೆ ಬ್ಯಾಂಕಿಗೆ ತಿಳಿಸುವ ಹಾಗೆ ಅವರಿಗೂ ತಿಳಿಸಿ. ಜರಗನಹಳ್ಳಿಯಲ್ಲಿ ಭಾನುವಾರ ಅಸರ್ ನಮಾಝ್ ನಂತರ ಮದರಸದಲ್ಲಿ ಇಬ್ಬರು ದೊಡ್ಡ ಹುಡುಗರು ಕೂರುತ್ತಿದ್ದಾರೆ. ಕಾಗದ ತಂದರೆ ಸಿ.ಎನ್.ಆರ್. ಹುಡುಕಿ ಬರೆದುಕೊಡುತ್ತಾರೆ. ಮೊದಲ ವಾರ ಏಳು ಮನೆಯವರು ಬಂದರು. ಅದರಲ್ಲಿ ಒಂದು ಕೇಸು ಮೂರು ವಾರದ ಹಿಂದೆ ವಜಾ ಆಗಿತ್ತು, ಮನೆಯವರಿಗೆ ಗೊತ್ತೇ ಇರಲಿಲ್ಲ. ಇನ್ನೂ ಒಂಬತ್ತು ದಿನ ಬಾಕಿ ಇತ್ತು. ಅವರು ಅದೇ ರಾತ್ರಿ ಬಸ್ಸು ಹತ್ತಿದರು.

ನಮ್ಮ ನೆರೆಯ ತಾಯಿಯ ವಿಷಯ ಹೇಳಿ ಮುಗಿಸುತ್ತೇವೆ. ಹೊಸ ವಕೀಲರ ಮೂಲಕ ಎರಡೂ ಅರ್ಜಿ ಹಾಕಲಾಗಿದೆ. ಎದುರಿನವರಿಗೆ ನೋಟಿಸು ಕೊಡದೆ ಇಂಥ ಅರ್ಜಿಯನ್ನು ಒಪ್ಪುವ ಹಾಗಿಲ್ಲ, ಹಾಗಾಗಿ ಅಣ್ಣಂದಿರಿಗೆ ನೋಟಿಸು ಹೋಗಿದೆ. ದೊಡ್ಡ ಅಣ್ಣ ತೆಗೆದುಕೊಂಡಿದ್ದಾರೆ, ಎರಡನೆಯವರು "ಮನೆಯಲ್ಲಿಲ್ಲ". ಮುಂದಿನ ವಾಯಿದೆ ಬರುವ ತಿಂಗಳು. ಆಕೆ ಮೂರು ದಿನ ಮೊದಲೇ ಊರಿಗೆ ಹೋಗುತ್ತಾರಂತೆ, ಮಳೆಗಾಲ ನೋಡಿ, ಘಾಟಿಯನ್ನು ನಂಬುವ ಹಾಗಿಲ್ಲ ಅಂತ.